ಗುಮ್ಮನೂ ‘ನಾಳೆ ಬಾ’ ಭೂತವೂ: ಶಬ್ದದಿಂದ ಹುಟ್ಟಿದ ಜೀವಿಗಳು

ಪ್ರಾಣಿಶಾಸ್ತ್ರದ ಯಾವ ಗ್ರಂಥದಲ್ಲಿಯೂ ಸ್ಥಾನ ಪಡೆಯದಿದ್ದರೂ ಕನ್ನಡಿಗರ ಮನೆಮನೆಗಳಲ್ಲಿ ತಲೆತಲಾಂತರದಿಂದ ಬಾಳಿ ಬಂದ ಜೀವಿಯೊಂದುಂಟು. ಅದೇ ಗುಮ್ಮ. ಅದಕ್ಕೆ ಕಾಲುಗಳೆಷ್ಟು, ಮೈಬಣ್ಣವೇನು, ಆಹಾರವಾವುದು ಎಂದು ಕೇಳಿದರೆ ಹತ್ತು ಮಂದಿ ಹತ್ತು ಬಗೆಯ ಉತ್ತರ ಕೊಡುತ್ತಾರೆ. ಹೆಸರಿನ ವಿಷಯದಲ್ಲಿ ಮಾತ್ರ ಒಮ್ಮತವಿದೆ. ಹುಲಿಯನ್ನು ಕಂಡ ಮೇಲೆ ಜನ ಅದಕ್ಕೆ ಹೆಸರಿಟ್ಟರು. ಗುಮ್ಮನಿಗಾದರೋ ಹೆಸರು ಮೊದಲು, ರೂಪ ಆಮೇಲೆ. ಕೇಳಿದ ಮಗುವೇ ಅದಕ್ಕೆ ಕೈಕಾಲು ಜೋಡಿಸಿಕೊಳ್ಳುತ್ತದೆ.

ಈ ಜೀವಿ ಇಂದು ನಿನ್ನೆಯದಲ್ಲ. ಹದಿನಾರನೆಯ ಶತಮಾನದ ಪುರಂದರದಾಸರ ಪ್ರಸಿದ್ಧ ಕೀರ್ತನೆಯೊಂದರಲ್ಲಿ ಬಾಲಕೃಷ್ಣನು ಗುಮ್ಮನನ್ನು ಕರೆಯಬೇಡವೆಂದು ತಾಯಿಯಲ್ಲಿ ಮೊರೆಯಿಡುತ್ತಾನೆ. ಲೋಕಗಳನ್ನು ಆಳುವವನೇ ಒಂದು ಶಬ್ದಕ್ಕೆ ಅಂಜಿದಂತೆ ನಟಿಸುವುದರಲ್ಲಿ ಆ ಕೀರ್ತನೆಯ ಸೊಗಸಿದೆ. ಗುಮ್ಮ ತಾನಾಗಿ ಬರುವುದಿಲ್ಲ, ಯಾರಾದರೂ ಕರೆದರೆ ಮಾತ್ರ ಬರುತ್ತದೆ ಎಂಬ ತತ್ತ್ವವೂ ಅಲ್ಲಿ ಅಡಗಿದೆ.

ಎರಡೇ ಅಕ್ಷರದ ಈ ಹೆಸರಿಗೆ ಇಷ್ಟು ಬಲ ಎಲ್ಲಿಂದ ಬಂದಿತು? ವ್ಯಾಕರಣದ ಪಾಠದಲ್ಲಿ ಧಗಧಗ, ಜುಳುಜುಳು, ಚಟಚಟ ಮೊದಲಾದವು ಅನುಕರಣಾವ್ಯಯಗಳೆನಿಸುತ್ತವೆ. ಇವುಗಳಲ್ಲಿ ಅರ್ಥಕ್ಕಿಂತ ಧ್ವನಿಯೇ ಮುಂದು. ಗುಮ್ಮ ನಾಮಪದವಾದರೂ ಗುಣದಲ್ಲಿ ಇವುಗಳ ನೆಂಟ. ‘ಗು’ ಎನ್ನುವಾಗ ತುಟಿಗಳು ಮುಂದಕ್ಕೆ ಚಾಚಿ ದುಂಡಗಾಗುತ್ತವೆ. ‘ಮ್ಮ’ ಎನ್ನುವಾಗ ಬಾಯಿ ಮುಚ್ಚಿ, ನಾದವು ಮೂಗಿನಲ್ಲಿ ಮೊಳಗುತ್ತದೆ. ರಾತ್ರಿ ಮರದ ಮೇಲಿಂದ ಬರುವ ಗೂಬೆಯ ದನಿಗೆ ಇದು ಸಮೀಪವಾದುದು. ಬೆಂಗಳೂರಿನ ಉತ್ತರ ಭಾಗದ ಯಲಹಂಕ, ಹೆಬ್ಬಾಳಗಳಲ್ಲಿ ಕನ್ನಡದ ಜೊತೆಗೆ ತೆಲುಗು, ತಮಿಳು ನುಡಿಗಳೂ ಕಿವಿಗೆ ಬೀಳುತ್ತವೆ. ಒಂದು ಮನೆಯ ಮಗುವಿಗೆ ಗುಮ್ಮ, ಪಕ್ಕದ ಮನೆಯ ಮಗುವಿಗೆ ತೆಲುಗಿನ ಬೂಚಿ, ಎದುರು ಮನೆಯದಕ್ಕೆ ತಮಿಳಿನ ಪೂಚಾಂಡಿ. ಭಾಷೆ ಬೇರೆಯಾದರೂ ಮೂರು ಹೆಸರುಗಳೂ ತುಟಿ ದುಂಡಾಗಿಸುವ ಉಕಾರ, ಊಕಾರಗಳಿಂದಲೇ ಮೊದಲಾಗುವುದು ಗಮನಾರ್ಹ.

ಗುಮ್ಮ ಮಕ್ಕಳನ್ನು ಹೆದರಿಸಿದರೆ, ದೊಡ್ಡವರನ್ನೇ ಹೆದರಿಸಿದ ಶಬ್ದಜೀವಿಯೂ ಒಂದಿತ್ತು. 1990ರ ದಶಕದಲ್ಲಿ ಬೆಂಗಳೂರಿನಲ್ಲಿಯೂ ಸುತ್ತಲಿನ ಹಳ್ಳಿಗಳಲ್ಲಿಯೂ ಒಂದು ವದಂತಿ ಹಬ್ಬಿತು. ಯಲಹಂಕ ಆಗಿನ್ನೂ ಮಹಾನಗರಪಾಲಿಕೆಗೆ ಸೇರಿರಲಿಲ್ಲ. ಅದು ಸೇರಿದ್ದು 2007ರಲ್ಲಿ. ಹಳ್ಳಿ ನಗರವಾಗುತ್ತಿದ್ದ ಕಾಲ ಅದು. ರಾತ್ರಿ ಹೆಣ್ಣುದೆವ್ವವೊಂದು ಬಂದು ಮನೆಯವರ ಪರಿಚಿತ ದನಿಯಲ್ಲಿಯೇ ಹೆಸರು ಹಿಡಿದು ಕೂಗುವುದೆಂದೂ, ಓಗೊಟ್ಟು ಬಾಗಿಲು ತೆರೆದವರಿಗೆ ಸಾವು ತಪ್ಪದೆಂದೂ ಜನ ನಂಬಿದರು. ಪರಿಹಾರವಾಗಿ ಬಾಗಿಲ ಮೇಲೆ ‘ನಾಳೆ ಬಾ’ ಎಂದು ಬರೆದರು. ದೆವ್ವ ಅದನ್ನು ಓದಿ ಹಿಂದಿರುಗುವುದು. ಮರುದಿನ ಬಂದು ಮತ್ತೆ ಅದನ್ನೇ ಓದುವುದು. ಈ ನಂಬಿಕೆಯ ಎಳೆಯೇ ಮುಂದೆ 2018ರ ‘ಸ್ತ್ರೀ’ ಎಂಬ ಹಿಂದಿ ಚಲನಚಿತ್ರದಲ್ಲಿ ಕಾಣಿಸಿಕೊಂಡಿತು.

ಈ ಜೀವಿಯ ರಚನೆಯನ್ನು ಪರಿಶೀಲಿಸಿದರೆ ಅದರ ದೇಹವೆಲ್ಲ ಒಂದು ಕೂಗು. ಅದನ್ನು ತಡೆದ ಕೋಟೆ ಮೂರು ಅಕ್ಷರ. ದನಿಯಿಂದ ಹುಟ್ಟಿದ್ದನ್ನು ಬರಹದಿಂದ ತಡೆಯಲಾಯಿತು. ದೆವ್ವಕ್ಕೆ ಕನ್ನಡ ಓದಲು ಬರುತ್ತದೆಂದೂ, ಕೊಟ್ಟ ಮಾತಿಗೆ ಅದು ಕಟ್ಟುಬೀಳುತ್ತದೆಂದೂ ಜನ ಭಾವಿಸಿದ್ದರು! ಆದರೆ ಅಕ್ಷರ ಬಲ್ಲ ಕೈಗಳೇ ಅಂಜಿಕೆಯಿಂದ ಆ ಅಕ್ಷರಗಳನ್ನು ಬರೆದವೆಂಬುದನ್ನು ಉಪಾಧ್ಯಾಯರು ಮರೆಯುವಂತಿಲ್ಲ. ಅಕ್ಷರ ಬಂದ ಮಾತ್ರಕ್ಕೆ ವಿವೇಕ ಬಂದಿತೆನ್ನಲಾಗದು.

ಹಾಗೆಂದು ಶಬ್ದಜೀವಿಗಳೆಲ್ಲ ಕೆಟ್ಟವಲ್ಲ. ಹನ್ನೆರಡನೆಯ ಶತಮಾನದ ಅಲ್ಲಮಪ್ರಭುಗಳ ಬೆಡಗಿನ ವಚನಗಳಲ್ಲಿ ಲೋಕದ ನಿಯಮ ಮೀರಿ ವರ್ತಿಸುವ ಪ್ರಾಣಿಗಳು ಬರುತ್ತವೆ. ಅವು ಕೇಳುಗನನ್ನು ಹೆದರಿಸಿ ಸುಮ್ಮನಾಗಿಸುವುದಿಲ್ಲ; ‘ಇದೇನು?’ ಎಂದು ಕೇಳುವಂತೆ ಮಾಡುತ್ತವೆ. ಗುಮ್ಮ ಪ್ರಶ್ನೆಯನ್ನು ಅಡಗಿಸುತ್ತದೆ, ಬೆಡಗು ಪ್ರಶ್ನೆಯನ್ನು ಎಬ್ಬಿಸುತ್ತದೆ.

ಈ ಭೇದ ಶಾಲೆಗೆ ಅತ್ಯಂತ ಮುಖ್ಯವಾದುದು. ತರಗತಿಯ ಮಕ್ಕಳಿಗೆ ಗುಮ್ಮನ ಚಿತ್ರ ಬರೆಯಲು ಹೇಳಿದರೆ ನಲವತ್ತು ಮಕ್ಕಳಿಂದ ನಲವತ್ತು ಗುಮ್ಮಗಳು ಹುಟ್ಟುತ್ತವೆ. ಅವನ್ನು ಸಾಲಾಗಿ ಗೋಡೆಗೆ ಅಂಟಿಸಿದಾಗ, ಗುಮ್ಮನನ್ನು ಮಾಡಿದವರು ತಾವೇ ಎಂಬುದು ಮಕ್ಕಳಿಗೆ ಕಣ್ಣೆದುರೇ ಕಾಣುತ್ತದೆ. ತಾನು ಮಾಡಿದ್ದಕ್ಕೆ ಯಾರೂ ಬಹುಕಾಲ ಅಂಜುವುದಿಲ್ಲ. ಇದಕ್ಕೆ ವ್ಯತಿರಿಕ್ತವಾಗಿ, ಹಿರಿಯರು ದನಿ ತಗ್ಗಿಸಿ ‘ಗಣಿತ’, ‘ಪರೀಕ್ಷೆ’ ಎಂದು ಪದೇ ಪದೇ ಎಚ್ಚರಿಸಿದರೆ ಆ ಪದಗಳಿಗೂ ಕೋರೆಹಲ್ಲು ಮೂಡುತ್ತದೆ. ಮನೆಯಲ್ಲಿ ಗುಮ್ಮನನ್ನು ಬಿಟ್ಟು ಬಂದ ಮಗುವಿಗೆ ಶಾಲೆಯಲ್ಲಿ ಇನ್ನೊಂದನ್ನು ಸಾಕಿಕೊಡಬಾರದು.

ಬಾಗಿಲ ಬರಹದಿಂದಲೂ ಒಂದು ಪಾಠವಿದೆ. ಬಿಡುವಿಲ್ಲದ ಹೊತ್ತಿನಲ್ಲಿ ಪ್ರಶ್ನೆ ಹೊತ್ತು ಬಂದ ಮಗುವಿಗೂ ದೊಡ್ಡವರು ‘ನಾಳೆ ಬಾ’ ಎಂದುಬಿಡುವುದುಂಟು. ದೆವ್ವವಾದರೆ ಮರುದಿನ ತಪ್ಪದೆ ಬರುತ್ತಿತ್ತಂತೆ, ಮಗು ಹಾಗಲ್ಲ. ಎರಡು ಸಲ ಹಿಂದಿರುಗಿದ ಮೇಲೆ ಅದು ಮತ್ತೆ ಬಾಗಿಲು ತಟ್ಟುವುದಿಲ್ಲ.