ತುಂಗುಸ್ಕಾ ಅರಣ್ಯದ ಒಗಟು

ಮೋಡವಿಲ್ಲದ ಅಮಾವಾಸ್ಯೆಯ ರಾತ್ರಿ ಅಂಗಳದಲ್ಲಿ ಚಾಪೆ ಹಾಸಿ ಮಲಗಿದವರಿಗೆ, ಆಕಾಶದ ಮೂಲೆಯೊಂದರಿಂದ ಬೆಳ್ಳಿಯ ಗೆರೆ ಸರ್ರನೆ ಹರಿದು ಮಾಯವಾಗುವುದು ಕಾಣುತ್ತದೆ. ಹಳ್ಳಿಯ ಹಿರಿಯರು 'ಚುಕ್ಕಿ ಬಿದ್ದಿತು' ಎನ್ನುತ್ತಾರೆ. ಬಿದ್ದದ್ದು ಚುಕ್ಕಿಯಲ್ಲ, ಸಾಮಾನ್ಯವಾಗಿ ಅದು ಮರಳಿನ ಕಣದಷ್ಟು ಗಾತ್ರದ ಧೂಳು. ಸೆಕೆಂಡಿಗೆ 11ರಿಂದ 72 ಕಿಲೋಮೀಟರ್ ವೇಗದಲ್ಲಿ ವಾಯುಮಂಡಲವನ್ನು ಹೊಕ್ಕು, ನೆಲದಿಂದ ಸುಮಾರು 100 ಕಿಲೋಮೀಟರ್ ಎತ್ತರದಲ್ಲಿಯೇ ಅದು ಉರಿದುಹೋಗುತ್ತದೆ. ಇದೇ ಉಲ್ಕೆ. ಪೂರ್ತಿ ಉರಿಯದೆ ನೆಲ ಮುಟ್ಟಿದ ತುಂಡಿಗೆ ಉಲ್ಕಾಶಿಲೆ ಎಂದು ಹೆಸರು. ಆದರೆ ಬಹು ಅಪರೂಪವಾಗಿ, ಆಕಾಶದಿಂದ ಬರುವ ಅತಿಥಿ ಮರಳಿನ ಕಣವಾಗಿರುವುದಿಲ್ಲ.

1908ನೆಯ ಇಸವಿ ಜೂನ್ 30ರ ಬೆಳಿಗ್ಗೆ. ಸೈಬೀರಿಯದ ನಡುವೆ, ಯೆನಿಸೈ ನದಿಯನ್ನು ಸೇರುವ ಪೊಡ್ಕಾಮೆನ್ನಾಯ ತುಂಗುಸ್ಕಾ ನದಿಯ ಪ್ರದೇಶ. ಹಿಮಸಾರಂಗಗಳನ್ನು ಸಾಕುವ ಎವೆಂಕಿ ಜನರ ಬಿಡಾರಗಳನ್ನುಳಿದರೆ ಅಲ್ಲಿ ಮನುಷ್ಯ ವಸತಿಯೇ ವಿರಳ. ಗಂಟೆ ಏಳು ಕಳೆದು ಕಾಲು ಗಂಟೆಯಾಗಿರಬಹುದು. ಸೂರ್ಯನನ್ನೇ ಮಂಕಾಗಿಸುವಂಥ ಬೆಂಕಿಯ ಗೋಳವೊಂದು ಆಕಾಶವನ್ನು ಸೀಳಿಕೊಂಡು ಬಂದಿತು. ಸುಮಾರು 65 ಕಿಲೋಮೀಟರ್ ದೂರದ ವನವಾರ ಎಂಬ ವ್ಯಾಪಾರ ಠಾಣ್ಯದಲ್ಲಿ ಮನೆಯ ಜಗಲಿಯ ಮೇಲೆ ಕುಳಿತಿದ್ದ ಒಬ್ಬಾತನಿಗೆ ತೊಟ್ಟ ಅಂಗಿಗೇ ಬೆಂಕಿ ಹತ್ತಿದಂತೆ ಮೈ ಸುಟ್ಟಿತು. ಮರುಕ್ಷಣವೇ ಗಾಳಿಯ ಹೊಡೆತ ಅವನನ್ನು ಎತ್ತಿ ದೂರಕ್ಕೆ ಎಸೆಯಿತು. ಎವೆಂಕಿಗಳ ಹಿಮಸಾರಂಗಗಳು ಸುಟ್ಟು ಸತ್ತವು. ಗುಡುಗಿನ ದೇವತೆಯಾದ ಆಗ್ದಿ ಮುನಿದು ಇಳಿದು ಬಂದನೆಂದು ನಂಬಿ, ಅವರು ಆ ಕಾಡಿನ ಕಡೆಗೆ ಕಾಲಿಡುವುದನ್ನೇ ಬಿಟ್ಟರು.

900 ಕಿಲೋಮೀಟರಿಗೂ ದೂರದ ಇರ್ಕುಟ್ಸ್ಕ್ ನಗರದ ಭೂಕಂಪಮಾಪಕ ಆ ಕಂಪನವನ್ನು ಗುರುತಿಸಿತು. ಇಂಗ್ಲೆಂಡಿನ ವಾಯುಭಾರಮಾಪಕಗಳ ಮುಳ್ಳುಗಳು ಅಲುಗಿದವು. ಆ ದಿನಗಳಲ್ಲಿ ಯೂರೋಪಿನ ರಾತ್ರಿಗಳು ಎಷ್ಟು ಬೆಳಗಿದುವೆಂದರೆ, ಲಂಡನ್ನಿನ ಜನ ನಡುರಾತ್ರಿ ದೀಪವಿಲ್ಲದೆ ಪತ್ರಿಕೆ ಓದಬಹುದಾಗಿತ್ತು. ಹೀಗೆ ಸಾಕ್ಷ್ಯಗಳು ಜಗತ್ತಿನ ಉದ್ದಗಲಕ್ಕೂ ಬಿದ್ದಿದ್ದವು. ಅವನ್ನು ಒಂದೇ ದಾರದಲ್ಲಿ ಪೋಣಿಸುವವರು ಮಾತ್ರ ಇರಲಿಲ್ಲ. ಯುದ್ಧ ಬಂದಿತು, ರಷ್ಯದಲ್ಲಿ ಕ್ರಾಂತಿಯಾಯಿತು, ಕಾಡಿನ ಸಂಗತಿ ಮರೆತುಹೋಯಿತು.

ಅದನ್ನು ಮತ್ತೆ ಎತ್ತಿದುದು ಹಳೆಯ ಕ್ಯಾಲೆಂಡರಿನ ಒಂದು ಹಾಳೆ! ಉಲ್ಕಾಶಿಲೆಗಳನ್ನು ಅಭ್ಯಸಿಸುತ್ತಿದ್ದ ಲಿಯೊನಿಡ್ ಕೂಲಿಕ್ ಎಂಬ ವಿಜ್ಞಾನಿಗೆ 1921ರಲ್ಲಿ ಆ ಹಾಳೆ ದೊರೆಯಿತು. ಆಕಾಶದಿಂದ ಬಿದ್ದ ಬಂಡೆಯನ್ನು ನೋಡಲು ರೈಲು ನಿಂತಿತು, ಪ್ರಯಾಣಿಕರು ಇಳಿದರು, ಬಂಡೆ ಮುಟ್ಟಲಾಗದಷ್ಟು ಬಿಸಿಯಾಗಿತ್ತು ಎಂದೆಲ್ಲ ಅದರ ಹಿಂಬದಿಯಲ್ಲಿ ಅಚ್ಚಾಗಿತ್ತು. ಕೂಲಿಕ್ ಸ್ಥಳಕ್ಕೆ ಹೋಗಿ ವಿಚಾರಿಸಿದಾಗ, ಭಾರಿ ಸದ್ದಾದುದೊಂದನ್ನು ಬಿಟ್ಟು ಉಳಿದುದೆಲ್ಲ ಕಟ್ಟುಕಥೆಯೆಂದು ತಿಳಿಯಿತು. ಮತ್ತೊಬ್ಬರಾಗಿದ್ದರೆ ಅಲ್ಲಿಗೇ ಕೈಬಿಡುತ್ತಿದ್ದರೇನೋ. ಕೂಲಿಕ್ ಸುಳ್ಳನ್ನು ಜಾಲಿಸಿ ತೆಗೆದು, ಉಳಿದ ಆ ಒಂದು ಸದ್ದಿನ ಬೆನ್ನು ಹತ್ತಿದರು.

1927ರ ಚಳಿಗಾಲದಲ್ಲಿ ರೈಲು, ಜಾರುಬಂಡಿ, ಹಿಮಸಾರಂಗಗಳ ನೆರವಿನಿಂದ ಅವರು ಕಾಡಿನೊಳಕ್ಕೆ ನಡೆದರು. ಏಪ್ರಿಲ್ ತಿಂಗಳಲ್ಲಿ ಒಂದು ಗುಡ್ಡವನ್ನೇರಿ ನೋಡಿದಾಗ ಕಣ್ಣೆಟುಕುವವರೆಗೂ ಮರಗಳು ಒಂದೇ ದಿಕ್ಕಿಗೆ ತಲೆಮಾಡಿ ಮಲಗಿದ್ದವು. ದಾರಿ ತೋರಿಸುತ್ತಿದ್ದ ಎವೆಂಕಿಗಳು ಮುಂದಕ್ಕೆ ಬರಲು ಒಪ್ಪಲಿಲ್ಲ. ಕೂಲಿಕ್ ಹಿಂದಿರುಗಿ, ಬೇರೆ ಆಳುಗಳನ್ನು ಕೂಡಿಸಿ, ತೆಪ್ಪಗಳಲ್ಲಿ ನದಿ ಹಿಡಿದು ಮತ್ತೆ ಹೋದರು. ಆಗ ಬಿದ್ದಿದ್ದ ಅರಣ್ಯದ ವಿಸ್ತಾರ ಸುಮಾರು 2,150 ಚದರ ಕಿಲೋಮೀಟರ್ ಎಂದು ಮುಂದೆ ಅಳೆಯಲಾಯಿತು; ನಮ್ಮ ಬೆಂಗಳೂರು ನಗರ ಜಿಲ್ಲೆಯೂ ಹೆಚ್ಚುಕಡಿಮೆ ಇಷ್ಟೇ ಇದೆ. ಉರುಳಿದ ಮರಗಳು ಎಂಟು ಕೋಟಿಯೆಂದು ಅಂದಾಜು.

ನಡುವೆ ದೊಡ್ಡ ಕುಳಿಯೂ ಅದರ ತಳದಲ್ಲಿ ಕಬ್ಬಿಣದ ಉಲ್ಕಾಶಿಲೆಯೂ ಇರಬೇಕೆಂಬುದು ಕೂಲಿಕ್ ಅವರ ದೃಢವಾದ ನಂಬಿಕೆ. ಅಲ್ಲಿ ಕಂಡುದೇ ಬೇರೆ. ಸ್ಫೋಟದ ನಟ್ಟನಡುವೆ ಮರಗಳು ಬಿದ್ದಿರಲೇ ಇಲ್ಲ! ಕೊಂಬೆರೆಂಬೆಗಳನ್ನು ಕಳೆದುಕೊಂಡು ತಂತಿಕಂಬಗಳಂತೆ ನೆಟ್ಟಗೆ ನಿಂತಿದ್ದವು. ಹತ್ತಿರದಲ್ಲಿದ್ದ ನೀರು ತುಂಬಿದ ಹೊಂಡವೊಂದನ್ನೇ ಕುಳಿಯೆಂದು ಭಾವಿಸಿ, 1929ರಲ್ಲಿ ಮತ್ತೆ ಬಂದು, ಕೊರೆಯುವ ಚಳಿಯಲ್ಲಿ ಕಾಲುವೆ ತೋಡಿಸಿ ನೀರನ್ನು ಬಸಿದರು. ತಳದಲ್ಲಿ ಸಿಕ್ಕಿದುದು ಬೇರು ಸಮೇತವಾದ ಹಳೆಯ ಮರದ ಬುಡ. ಉಲ್ಕೆ ಬಡಿದಿದ್ದರೆ ಆ ಬುಡ ಉಳಿಯುವುದೆಂತು? ಸಾಕ್ಷ್ಯ ಎದುರಿಗೇ ಇತ್ತು. ಆದರೂ ಕೂಲಿಕ್ ತಮ್ಮ ಕಬ್ಬಿಣದ ಆಸೆಯನ್ನು ಬೇಗ ಬಿಡಲಿಲ್ಲ. ಎಂಟು ವರ್ಷ ಅಲೆದವನ ಮನಸ್ಸನ್ನು ಬಲ್ಲವರು ಅವರನ್ನು ಹಗುರವಾಗಿ ನಿಂದಿಸಲಾರರು. ಎರಡನೆಯ ಮಹಾಯುದ್ಧ ಬಂದಾಗ, ಅರುವತ್ತರ ಸಮೀಪದ ವಯಸ್ಸಿನಲ್ಲಿ, ತಾವಾಗಿಯೇ ಸೈನ್ಯ ಸೇರಿ, ಜರ್ಮನರ ಸೆರೆಯಲ್ಲಿ 1942ರಲ್ಲಿ ಟೈಫಸ್ ಜ್ವರದಿಂದ ತೀರಿಕೊಂಡರು. ಒಗಟು ಹಾಗೆಯೇ ಉಳಿಯಿತು.

ಬಂದ ಬಂಡೆ ನೆಲವನ್ನು ಮುಟ್ಟಲೇ ಇಲ್ಲ ಎಂಬುದರಲ್ಲಿದೆ ಇದರ ಉತ್ತರ. ಒಣಗಿದ ಮಣ್ಣಿನ ಹೆಂಟೆಯನ್ನು ಕವಣೆಯಲ್ಲಿಟ್ಟು ಬಲವಾಗಿ ಬೀಸಿದರೆ ಅದು ದಾರಿಯಲ್ಲಿಯೇ ಪುಡಿಯಾಗುವುದನ್ನು ನೀವು ಕಂಡಿರಬಹುದು. ಮಹಾವೇಗದಿಂದ ನುಗ್ಗುವ ಬಂಡೆಯ ಮುಂದೆ ಗಾಳಿ ಅಡಕವಾಗಿ ಅಗಾಧ ಒತ್ತಡ ಹುಟ್ಟುತ್ತದೆ. ಹಿಂಬದಿಯಲ್ಲಿ ಒತ್ತಡ ಇಲ್ಲವೆನ್ನುವಷ್ಟು ಕಡಿಮೆ. ಈ ಅಂತರ ಕಲ್ಲಿನ ಗಟ್ಟಿತನವನ್ನು ಮೀರಿದೊಡನೆ ಬಂಡೆ ಚೂರಾಗುತ್ತದೆ. ಚೂರುಗಳು ಹರಡಿಕೊಂಡಷ್ಟೂ ಗಾಳಿಯ ತಡೆ ಹೆಚ್ಚುತ್ತದೆ. ಚಲನೆಯ ಶಕ್ತಿಯೆಲ್ಲ ಕಣ್ಣುಮುಚ್ಚಿ ತೆರೆಯುವಷ್ಟರಲ್ಲಿ ಶಾಖವಾಗಿ ಸಿಡಿಯುತ್ತದೆ. ತುಂಗುಸ್ಕಾದಲ್ಲಿ ಇದು ನಡೆದುದು ನೆಲದಿಂದ 5ರಿಂದ 10 ಕಿಲೋಮೀಟರ್ ಎತ್ತರದಲ್ಲಿ; ಅದರ ಶಕ್ತಿ ಹಿರೋಷಿಮಾದ ಅಣುಬಾಂಬಿನ ನೂರಾರು ಪಟ್ಟು. ನೇರವಾಗಿ ಕೆಳಗಿದ್ದ ಮರಗಳಿಗೆ ಹೊಡೆತ ನೆತ್ತಿಯ ಮೇಲಿನಿಂದ ಬಿದ್ದುದರಿಂದ ಕೊಂಬೆಗಳು ಮುರಿದವು, ಕಾಂಡ ಉಳಿಯಿತು. ದೂರದವಕ್ಕೆ ಹೊಡೆತ ಓರೆಯಾಗಿ ತಗುಲಿದ್ದರಿಂದ ಅವು ಉರುಳಿದವು.

1960ರ ದಶಕದಲ್ಲಿ ಸೋವಿಯತ್ ವಿಜ್ಞಾನಿಗಳು ಇದನ್ನು ಪರೀಕ್ಷಿಸಿದ ಬಗೆ ಸೊಗಸಾಗಿದೆ. ಕಡ್ಡಿಗಳನ್ನು ನೆಟ್ಟು ಪುಟ್ಟದೊಂದು ಕಾಡನ್ನು ಮಾಡಿ, ಅದರ ಮೇಲೆ ಓರೆಯಾಗಿ ತಂತಿ ಕಟ್ಟಿ, ತಂತಿಯ ಗುಂಟ ಸ್ಫೋಟಕವನ್ನು ಸಿಡಿಸಿದರು. ಕಡ್ಡಿಗಳು ಬಿದ್ದ ಮಾದರಿ ರೆಕ್ಕೆ ಬಿಚ್ಚಿದ ಚಿಟ್ಟೆಯ ಆಕಾರದಲ್ಲಿತ್ತು. ತುಂಗುಸ್ಕಾದಲ್ಲಿ ಬಿದ್ದ ಮರಗಳ ನಕ್ಷೆಯೂ ಅದೇ ಆಕಾರದ್ದು.

ಮಂಗಳ ಗ್ರಹದವರ ನೌಕೆ ಸಿಡಿಯಿತೆಂದು 1946ರಲ್ಲಿ ಒಬ್ಬ ಲೇಖಕ ಕಥೆ ಬರೆದ. ಹಲವರು ಅದನ್ನು ನಿಜವೆಂದೇ ನಂಬಿದರು. ಊಹೆಗೆ ಕಾಸು ಖರ್ಚಿಲ್ಲವಷ್ಟೆ. 2020ರ ಮೇ 20ರ ಮಧ್ಯಾಹ್ನ ಬೆಂಗಳೂರಿನಲ್ಲಿ ಭಾರಿ ಸದ್ದೊಂದು ಕೇಳಿ ಕಿಟಕಿಗಳು ನಡುಗಿದಾಗಲೂ ಭೂಕಂಪವೆಂದರು, ಉಲ್ಕೆಯೆಂದರು. ಭೂಕಂಪಮಾಪಕಗಳಲ್ಲಿ ಕಂಪನದ ಗುರುತಿರಲಿಲ್ಲ. ವಾಯುಪಡೆಯ ವಿಮಾನವೊಂದು ಶಬ್ದವೇಗವನ್ನು ಮೀರಿ ಪರೀಕ್ಷಾ ಹಾರಾಟ ನಡೆಸಿತ್ತೆಂದು ಅಂದು ಸಂಜೆ ರಕ್ಷಣಾ ಇಲಾಖೆ ತಿಳಿಸಿತು.

ತುಂಗುಸ್ಕಾದ ತಮ್ಮನಂಥ ಘಟನೆ 2013ರ ಫೆಬ್ರವರಿ 15ರಂದು ರಷ್ಯದ ಚೆಲ್ಯಾಬಿನ್ಸ್ಕ್ ನಗರದ ಮೇಲೆ ಸಂಭವಿಸಿತು. ಸುಮಾರು 20 ಮೀಟರ್ ಅಗಲದ ಬಂಡೆ ಸೂರ್ಯನ ದಿಕ್ಕಿನಿಂದ ಬಂದುದರಿಂದ ಯಾವ ದೂರದರ್ಶಕಕ್ಕೂ ಮುಂಚಿತವಾಗಿ ಕಾಣಲಿಲ್ಲ. ಅದು ಸಿಡಿದುದು ಸುಮಾರು 30 ಕಿಲೋಮೀಟರ್ ಎತ್ತರದಲ್ಲಿ. ಬೆಳಕು ತಕ್ಷಣ ಕಂಡಿತು. ಸದ್ದು ಬರಲು ಎರಡು ನಿಮಿಷದಷ್ಟು ಹಿಡಿಯಿತು. ಈ ನಡುವೆ ಜನ ಕುತೂಹಲದಿಂದ ಕಿಟಕಿಗಳಿಗೆ ಓಡಿದರು. ಆಘಾತ ತರಂಗ ಬಡಿದು ಗಾಜುಗಳು ಸಿಡಿದವು. ಗಾಯಗೊಂಡ ಸುಮಾರು 1,500 ಜನರಲ್ಲಿ ಹೆಚ್ಚಿನವರಿಗೆ ತಗುಲಿದುದು ಗಾಜಿನ ಚೂರೇ. ಒಂದು ಶಾಲೆಯ ಅಧ್ಯಾಪಿಕೆ ಮಾತ್ರ, ಬೆಳಕನ್ನು ಕಂಡ ಕೂಡಲೇ, ಅದೇನೆಂದು ತಿಳಿಯದಿದ್ದರೂ ತಮ್ಮ 44 ಮಕ್ಕಳನ್ನು ಮೇಜುಗಳ ಕೆಳಗೆ ಅಡಗಿಸಿದರು. ಆಕೆಯ ಕೈಗೆ ಗಾಜು ತಗುಲಿ ಆಳವಾದ ಗಾಯವಾಯಿತು. ಮಕ್ಕಳಲ್ಲಿ ಒಬ್ಬರಿಗೂ ಪೆಟ್ಟಾಗಲಿಲ್ಲ.

ಕಾರುಗಳಲ್ಲಿದ್ದ ಕ್ಯಾಮೆರಾಗಳ ಚಿತ್ರಗಳಿಂದ ಬಂಡೆಯ ಹಾದಿಯನ್ನು ಲೆಕ್ಕಹಾಕಲಾಯಿತು. ಅಣುಸ್ಫೋಟಗಳನ್ನು ಪತ್ತೆಹಚ್ಚಲೆಂದು ಸ್ಥಾಪಿಸಿದ ಕೇಂದ್ರಗಳು, ಕಿವಿಗೆ ಕೇಳದ ಅದರ ಧ್ವನಿತರಂಗಗಳನ್ನು ಅಂಟಾರ್ಕ್ಟಿಕದಲ್ಲಿಯೂ ಗುರುತಿಸಿದವು. ಅದೇ ವರ್ಷ ಅಕ್ಟೋಬರಿನಲ್ಲಿ ಚೆಬಾರ್ಕುಲ್ ಸರೋವರದ ಕೆಸರಿನಿಂದ ದೊಡ್ಡ ತುಂಡೊಂದನ್ನು ಮೇಲೆತ್ತಿದರು. ತೂಕದ ಯಂತ್ರ 570 ಕಿಲೋಗ್ರಾಂ ತೋರಿಸಿ ಮುರಿದುಹೋಯಿತು. ತುಂಗುಸ್ಕಾಕ್ಕೆ ಬಂದುದು ಧೂಮಕೇತುವಿನ ಹಿಮಗಡ್ಡೆಯೋ ಕ್ಷುದ್ರಗ್ರಹದ ಕಲ್ಲೋ ಎಂಬ ಚರ್ಚೆ ಇಂದಿಗೂ ಮುಗಿದಿಲ್ಲ. ಕಲ್ಲೆನ್ನುವವರೇ ಈಗ ಹೆಚ್ಚು. ಆದರೆ ಕೂಲಿಕ್ ಹುಡುಕಿದಂಥ, ಕೈಯಲ್ಲಿ ಹಿಡಿದು ತೋರಿಸಬಹುದಾದ ಒಂದು ತುಂಡು ಆ ಕಾಡಿನಲ್ಲಿ ದೊರೆತಿಲ್ಲ.