ಮೂಗಿಗೆ ಮೊದಲು, ಕಣ್ಣಿಗೆ ಆಮೇಲೆ

ಲಕ್ಷ್ಮೀಪುರಂನ ನಮ್ಮ ಬೀದಿಯ ಮಕ್ಕಳನ್ನೂ ಅವರ ಅಜ್ಜ-ಅಜ್ಜಿಯರನ್ನೂ ಬೆಳಕು ಹರಿಯುವ ಮುಂಚೆ ಕುಕ್ಕರಹಳ್ಳಿ ಕೆರೆಗೆ ಕರೆದೊಯ್ಯುವುದು ನನ್ನ ಬಹುಕಾಲದ ರೂಢಿ. ಒಂದೊಂದು ಇಂದ್ರಿಯ ಎಚ್ಚರಗೊಳ್ಳುವುದಕ್ಕೂ ಅದರದೇ ಹೊತ್ತು ಬೇಕು ಎನ್ನುವುದನ್ನು ಅಲ್ಲೇ ಕಲಿತೆ.

1. ಗೇಟು ದಾಟಿದ ಕೂಡಲೇ ಮೂಗಿಗೆ ಕೆಲಸ ಕೊಡಿ. ಅದು ಬೇಗ ದಣಿಯುತ್ತದೆ. ಕೆಲವೇ ನಿಮಿಷಗಳಲ್ಲಿ ಅದೇ ವಾಸನೆ ತಿಳಿಯದಾಗುತ್ತದೆ. ಮೇ ತಿಂಗಳ ಮಳೆಯ ಮರುದಿನ ಹೋದರೆ ಮಣ್ಣಿನ ಘಮ ಸಿಗುತ್ತದೆ. ಅದರಲ್ಲಿ ಮುಖ್ಯವಾದದ್ದು ಮಣ್ಣಿನ ಸ್ಟ್ರೆಪ್ಟೊಮೈಸಿಸ್ ಬ್ಯಾಕ್ಟೀರಿಯಾ ತಯಾರಿಸುವ ಜಿಯೋಸ್ಮಿನ್. ಲಕ್ಷ ಕೋಟಿಯಲ್ಲಿ ಕೆಲವೇ ಪಾಲಿದ್ದರೂ ಮನುಷ್ಯರ ಮೂಗು ಅದನ್ನು ಹಿಡಿಯುತ್ತದೆ. ನಾಯಿಯ ಮೂಗನ್ನಷ್ಟೇ ಹೊಗಳುವವರು ಇದನ್ನು ನೆನೆಯಬೇಕು.

2. ಟಾರ್ಚು, ಮೊಬೈಲು ಬೇಡವೇ ಬೇಡ. ಕಣ್ಣು ಕತ್ತಲಿಗೆ ಒಗ್ಗಲು 20-30 ನಿಮಿಷ ಬೇಕು. ನಡುವೆ ಯಾರಾದರೂ ಮೊಬೈಲ್ ತೆರೆದರೆ ಕಾದದ್ದೆಲ್ಲ ವ್ಯರ್ಥ. ನಸುಕಿನಲ್ಲಿ ಗುಲ್‌ಮೊಹರ್ ಹೂ ಕಪ್ಪಾಗಿ, ಎಲೆ ಅದಕ್ಕಿಂತ ತಿಳಿಯಾಗಿ ಕಾಣುತ್ತದೆ. ಮಂದ ಬೆಳಕಿನಲ್ಲಿ ಕೆಲಸ ಮಾಡುವ ದಂಡಕೋಶಗಳಿಗೆ ಕೆಂಪು ಎಟುಕುವುದಿಲ್ಲ. ಮಕ್ಕಳನ್ನು ಒಂದೇ ಕೊಂಬೆಯ ಕೆಳಗೆ ನಿಲ್ಲಿಸಿ, ಹೂ ಕೆಂಪಾಗುವ ಗಳಿಗೆಯನ್ನು ಹೇಳಿ ಎನ್ನುತ್ತೇನೆ. ಎಲ್ಲರ ಉತ್ತರ ಒಂದೇ ಆಗುವುದಿಲ್ಲ. ಜಗಳ ಚೆನ್ನಾಗಿ ನಡೆಯುತ್ತದೆ!

3. ಕೇಳಬೇಕೆಂದರೆ ನಿಲ್ಲಬೇಕು. ನಡೆಯುವಾಗ ಕೇಳುವುದು ನಮ್ಮದೇ ಚಪ್ಪಲಿಯ ಸದ್ದು. ವಯಸ್ಸಾದಂತೆ ಕೀರಲು ದನಿಗಳು ಮೊದಲು ಮರೆಯಾಗುತ್ತವೆ. "ಅಜ್ಜಿ, ಜೀರುಂಡೆ ಕೇಳಿಸ್ತಾ?" ಎಂದು ಮೊಮ್ಮಗ ಕೇಳಿದರೆ ಅಜ್ಜಿ ಸುಮ್ಮನಿರುತ್ತಾರೆ. ಅಂಥವರಿಗೆ ಪೊದೆಯೊಳಗಿನ ಕೆಂಬೂತದ ತಗ್ಗಿನ ಕೂಗನ್ನು ತೋರಿಸಿಕೊಡುತ್ತೇನೆ. ಅದು ಕಿವಿಗೆ ಬಿದ್ದಾಗ ಅವರ ಮುಖ ಅರಳುವುದನ್ನು ನೋಡಲೆಂದೇ ಎಷ್ಟೋ ಬೆಳಗು ಹೋಗಿದ್ದೇನೆ.

4. ಚರ್ಮಕ್ಕೆ ತಿಳಿಯುವುದು ಬದಲಾವಣೆ. ಮರಗಳ ನಡುವಿನಿಂದ ತೆರೆದ ಏರಿಗೆ ಬಂದಾಗ ಮಾತು ನಿಲ್ಲಿಸಿ, ಗಾಳಿಗೆ ಕೆನ್ನೆ ಒಡ್ಡಿ.

5. ಕೊನೆಗೆ ದೂರ ನೋಡಿಸಿ. 1864ರಲ್ಲಿ ಮುಮ್ಮಡಿ ಕೃಷ್ಣರಾಜ ಒಡೆಯರು ಬೇಸಾಯಕ್ಕೆಂದು ಕಟ್ಟಿಸಿದ, ಕುವೆಂಪು ಅಡ್ಡಾಡಿದ ಈ ಕೆರೆಯ ನೀರಿನಾಚೆಗೆ ನೋಟ ಹಾಯಿಸಿದರೆ, ಹತ್ತಿರದ್ದನ್ನೇ ದಿಟ್ಟಿಸಿ ಬಿಗಿದ ಕಣ್ಣಿನ ಸ್ನಾಯು ಸಡಿಲುತ್ತದೆ. ಮನೆಯೊಳಗೆ ಕೆಲವು ನೂರು ಲಕ್ಸ್ ಬೆಳಕಿದ್ದರೆ, ಬಿಸಿಲೇರಿದ ಮೇಲೆ ಹೊರಗೆ ನೆರಳಿನಲ್ಲೂ ಸಾವಿರಾರು ಲಕ್ಸ್. ಹಗಲು ಹೆಚ್ಚು ಹೊತ್ತು ಹೊರಗಿರುವ ಮಕ್ಕಳಲ್ಲಿ ಸಮೀಪದೃಷ್ಟಿ ಶುರುವಾಗುವುದು ಕಡಿಮೆ ಎಂದು ಅಧ್ಯಯನಗಳು ಹೇಳುತ್ತವೆ. ಟ್ಯೂಷನ್ನಿಗೆ ಅವಸರಪಡಿಸುವ ತಾಯಂದಿರನ್ನು, ಬಿಸಿಲು ಏರುವವರೆಗಾದರೂ ಮಗುವನ್ನು ಇಲ್ಲೇ ಬಿಡಿ ಎಂದು ಕೇಳಿಕೊಳ್ಳುತ್ತೇನೆ.