ನಿಂತಾಗಿನ ಬಿ.ಪಿ.ಯನ್ನೂ ನೋಡಿ

ಮಲಗಿದ್ದಾಗ ನನ್ನ ಬಿ.ಪಿ. 146/84. ಎದ್ದು ನಿಂತ ಮೂರು ನಿಮಿಷದೊಳಗೆ 98/60. ಈ ಎರಡು ಅಂಕಿ ಒಂದೇ ಚೀಟಿಯ ಮೇಲೆ ಬೀಳುವ ಹೊತ್ತಿಗೆ ನಾನು ಕಿವಿಯವರು, ಮೂಳೆಯವರು, ಹೊಟ್ಟೆಯವರು ಎಂದು ದಾವಣಗೆರೆಯ ಹಲವು ಡಾಕ್ಟರರ ಬಾಗಿಲು ನೋಡಿಯಾಗಿತ್ತು. ಬಿ.ಪಿ.ಯನ್ನು ಎಲ್ಲರೂ ನೋಡಿದ್ದರು, ಕುರ್ಚಿಯ ಮೇಲೆ ಕೂರಿಸಿ.

ಸಕ್ಕರೆ ಕಾಯಿಲೆ ನನಗೆ ಹಳೆಯದು, ಬ್ಯಾಂಕಿನ ಕ್ಯಾಶ್ ಕೌಂಟರಿನಲ್ಲಿ ಕೂರುತ್ತಿದ್ದ ಕಾಲದ್ದು. ಅದು ಕಣ್ಣು ತಿನ್ನುತ್ತದೆ, ಕಿಡ್ನಿ ತಿನ್ನುತ್ತದೆ, ಪಾದ ಉರಿಸುತ್ತದೆ ಎಂಬುದೆಲ್ಲ ಗೊತ್ತಿತ್ತು. ನಮ್ಮನ್ನು ಕೇಳದೆಯೇ ಹೃದಯ, ಜಠರ, ಮೂತ್ರಕೋಶ, ಬೆವರು, ಕಣ್ಣಿನ ಪಾಪೆಗಳನ್ನು ನಡೆಸುವ ಸ್ವಾಯತ್ತ ನರಮಂಡಲವನ್ನೂ ಅದು ಸವೆಸುತ್ತದೆ ಎಂದು ಮಾತ್ರ ಯಾರೂ ಹೇಳಿರಲಿಲ್ಲ.

ಅದು ಒಂದೇ ಕಡೆ ಕಾಣಿಸಿಕೊಂಡಿದ್ದರೆ ಬೇಗ ಸಿಕ್ಕಿಬೀಳುತ್ತಿತ್ತೇನೋ. ಸಾಲಿನಲ್ಲಿ ಸ್ವಲ್ಪ ಹೊತ್ತು ನಿಂತರೆ ಕತ್ತಿನ ಹಿಂಭಾಗ, ಎರಡೂ ಭುಜ ಹಿಡಿದುಕೊಳ್ಳುತ್ತಿತ್ತು, ಮಲಗಿದರೆ ಬಿಡುತ್ತಿತ್ತು. ಅದಕ್ಕೆ ಕತ್ತಿನ ಪಟ್ಟಿ ಬಂತು. ನಾಲ್ಕು ತುತ್ತಿಗೇ ಹೊಟ್ಟೆ ತುಂಬಿ, ಬೆಳಿಗ್ಗೆ ತಿಂದ ಇಡ್ಲಿ ಸಂಜೆ ವಾಂತಿಯಾಗುತ್ತಿತ್ತು. ಅದಕ್ಕೆ ಗ್ಯಾಸಿನ ಮಾತ್ರೆ. ಊಟಕ್ಕೆ ಕೂತರೆ ಹಣೆ, ಕೆನ್ನೆ ಬೆವರಿನಲ್ಲಿ ತೊಯ್ದುಹೋಗುತ್ತಿದ್ದವು. "ರೀ, ಮೊಸರನ್ನಕ್ಕೂ ಯಾರಾದ್ರೂ ಬೆವರ್ತಾರಾ?" ಎಂದು ನಮ್ಮ ಮನೆಯವರು ನಗುತ್ತಿದ್ದರು. ಅತ್ತ ಪಾದಗಳಲ್ಲಿ ಬೆವರೇ ಇಲ್ಲದೆ ಚರ್ಮ ಒಣಗಿ ಬಿರುಕು. ಇವೆಲ್ಲ ಒಂದೇ ಕಾಯಿಲೆಯ ಕೈವಾಡ ಎಂದು ಯಾರಿಗೆ ಹೊಳೆಯಬೇಕು?

ಬಯಲಾದದ್ದು ಒಂದು ಮದುವೆಯಲ್ಲಿ. ಎರಡನೇ ಪಂಕ್ತಿ, ಹೋಳಿಗೆ, ಮೇಲೆ ಅನ್ನ-ಸಾರು, ಏಪ್ರಿಲ್ ತಿಂಗಳ ಸೆಕೆ. ಎಲೆ ಮಡಚಿ ಕೈ ತೊಳೆಯಲು ಎದ್ದೆ. ನಲ್ಲಿಯ ಹತ್ತಿರ ಹೋಗುವಷ್ಟರಲ್ಲಿ ಕಣ್ಣು ಕತ್ತಲಿಟ್ಟು, ಜನರ ಮಾತು ದೂರವಾಗಿ, ನೆಲ ಸೇರಿದ್ದೆ. ಮಲಗಿಸಿದ್ದೇ ತಡ, ಎಚ್ಚರವೂ ಆಯಿತು. ಒಬ್ಬರು ದೃಷ್ಟಿ ಎಂದರು. "ಪಿತ್ತ ಕಣೋ, ನಿಂಬೆಹಣ್ಣು ಹಿಂಡಿ ಉಪ್ಪು ಹಾಕ್ಕೊಂಡು ಕುಡಿ" ಎಂದಳು ಅಕ್ಕ. ಪಿತ್ತದ ಮಾತು ಸುಳ್ಳಾದರೂ ಅವಳು ಕೊಟ್ಟ ಉಪ್ಪು-ನೀರು ಸರಿಯಾದ ಮದ್ದೇ ಆಗಿತ್ತು ಎಂದು ಆಮೇಲೆ ತಿಳಿಯಿತು.

ಮಾರನೆಯ ದಿನ ನೋಡಿದ ಡಾಕ್ಟರು ಚಿಕ್ಕ ವಯಸ್ಸಿನವರು. ಐದು ನಿಮಿಷ ಮಂಚದ ಮೇಲೆ ಮಲಗಿಸಿ ಬಿ.ಪಿ. ನೋಡಿದರು. ಪಟ್ಟಿ ಬಿಚ್ಚದೆ ಎಬ್ಬಿಸಿ ನಿಲ್ಲಿಸಿ, ಒಂದನೇ ನಿಮಿಷಕ್ಕೊಮ್ಮೆ, ಮೂರನೇ ನಿಮಿಷಕ್ಕೊಮ್ಮೆ ನೋಡಿದರು. ಮೂರು ನಿಮಿಷದೊಳಗೆ ಮೇಲಿನ ಅಂಕಿ 20 ಅಥವಾ ಕೆಳಗಿನದು 10 ಇಳಿದರೆ ಅದು ಲೆಕ್ಕಕ್ಕೆ ಬರುವ ಇಳಿತವಂತೆ. ನನ್ನದು 48 ಇಳಿದಿತ್ತು. ಅವರು ತಡೆದು ನಿಂತದ್ದು ಮಾತ್ರ ನಾಡಿಯ ಮೇಲೆ: ಮಲಗಿದ್ದಾಗ 92, ನಿಂತಾಗ 95. "ಯಜಮಾನ್ರೇ, ಬಿ.ಪಿ. ಇಷ್ಟು ಬಿದ್ದಾಗ ಹೃದಯ ಓಡ್ಬೇಕಿತ್ತು. ಓಡ್ಲಿಲ್ಲ. ಸುದ್ದಿ ಮುಟ್ಟಿಸೋ ನರವೇ ಸೋತಿದೆ."

ನಿಂತ ಕೂಡಲೇ ಅರ್ಧ ಲೀಟರಿಗೂ ಹೆಚ್ಚು ರಕ್ತ ಹೊಟ್ಟೆ, ಕಾಲುಗಳಿಗೆ ಇಳಿಯುತ್ತದೆ. ಕುತ್ತಿಗೆಯ ರಕ್ತನಾಳದಲ್ಲಿರುವ ನರತುದಿಗಳು ಒತ್ತಡ ಇಳಿದದ್ದನ್ನು ಹಿಡಿದು ಮಿದುಳಿಗೆ ತಿಳಿಸುತ್ತವೆ. ಕ್ಷಣಮಾತ್ರದಲ್ಲಿ ಕೆಳಗಿನ ರಕ್ತನಾಳಗಳು ಬಿಗಿದು ಹೃದಯ ವೇಗವಾಗುತ್ತದೆ. ಊಟವಾದ ಮೇಲೆ ಕರುಳಿಗೂ ರಕ್ತ ಬೇಕು, ಸೆಕೆಗೆ ಚರ್ಮಕ್ಕೂ ಬೇಕು. ಮದುವೆಮನೆಯಲ್ಲಿ ನನಗೆ ಮೂರೂ ಒಟ್ಟಿಗೆ ಬಂದಿದ್ದವು. ಆಮೇಲೆ ಇ.ಸಿ.ಜಿ. ತಂತಿ ಹಚ್ಚಿ, ನಿಮಿಷಕ್ಕೆ ಆರರಂತೆ ದೀರ್ಘವಾಗಿ ಉಸಿರಾಡಿಸಿದರು. ಉಸಿರೆಳೆದಾಗ ಬಡಿತ ಚುರುಕಾಗಿ, ಬಿಟ್ಟಾಗ ನಿಧಾನವಾಗಬೇಕು. ನನ್ನದು ಗಡಿಯಾರದ ಹಾಗೆ ಒಂದೇ ಸಮ ಬಡಿಯುತ್ತಿತ್ತು.

ಎಲ್ಲ ಹೊರೆಯನ್ನೂ ಸಕ್ಕರೆಯ ತಲೆಗೆ ಕಟ್ಟಬಾರದು. ಪಾರ್ಕಿನ್ಸನ್ ಇರುವವರಿಗೂ ಹೀಗಾಗುತ್ತದೆ. 1960ರಲ್ಲಿ ಶೈ ಮತ್ತು ಡ್ರೇಗರ್ ಎಂಬ ವೈದ್ಯರು ವಿವರಿಸಿದ, ಈಗ ಮಲ್ಟಿಪಲ್ ಸಿಸ್ಟಮ್ ಅಟ್ರೋಫಿ ಎನ್ನುವ ಕಾಯಿಲೆಯಲ್ಲೂ, ಅಮೈಲಾಯ್ಡ್ ಎಂಬ ಪ್ರೋಟೀನು ನರಗಳಲ್ಲಿ ಸೇರಿಕೊಂಡಾಗಲೂ ಆಗುತ್ತದೆ. ವರ್ಷಗಟ್ಟಲೆ ಮೆಟ್‌ಫಾರ್ಮಿನ್ ನುಂಗಿದವರಲ್ಲಿ ಬಿ12 ಇಳಿಯುವುದುಂಟು, ಅದೂ ನರಕ್ಕೆ ಪೆಟ್ಟು. ಹಾಗಾಗಿ ಅದನ್ನೂ ಪರೀಕ್ಷೆ ಮಾಡಿಸಿದರು. ಇದಕ್ಕಿಂತ ಮುಖ್ಯವಾಗಿ, ನನ್ನ ಮಾತ್ರೆಗಳ ಚೀಲವನ್ನು ಮೇಜಿನ ಮೇಲೆ ಸುರಿಸಿದರು. ಪ್ರಾಸ್ಟೇಟಿಗೆ ಒಬ್ಬರು ಬರೆದದ್ದು, ಪಾದದ ಉರಿಗೆ ರಾತ್ರಿ ನುಂಗಲು ಇನ್ನೊಬ್ಬರು ಕೊಟ್ಟದ್ದು, ಮೂತ್ರ ಇಳಿಸುವ ಬಿ.ಪಿ. ಮಾತ್ರೆ: ಮೂರೂ ನಿಂತಾಗಿನ ಬಿ.ಪಿ.ಯನ್ನು ಇನ್ನಷ್ಟು ಕೆಡವುವಂಥವು. ಒಂದು ನಿಂತಿತು, ಎರಡು ಬದಲಾದವು. ಅರ್ಧ ಗುಣ ಅಲ್ಲೇ ಕಂಡಿತು.

ಉಳಿದರ್ಧ ಮನೆಯ ಕೆಲಸ. ಬೆಳಿಗ್ಗೆ ಏಳುವ ಮೊದಲು ಸುಮಾರು ಅರ್ಧ ಲೀಟರ್ ನೀರನ್ನು ಒಂದೇ ಸಲಕ್ಕೆ ಕುಡಿಯುತ್ತೇನೆ. ಕೆಲವೇ ನಿಮಿಷದಲ್ಲಿ ಬಿ.ಪಿ. ಏರುವುದನ್ನು ಮನೆಯ ಯಂತ್ರದಲ್ಲೇ ನೋಡಿದ್ದೇನೆ. ಮಂಚದ ತಲೆಕಡೆಯ ಕಾಲುಗಳಿಗೆ ಇಟ್ಟಿಗೆ ಕೊಟ್ಟಿದ್ದೇವೆ, ಏಕೆಂದರೆ ಚಪ್ಪಟೆ ಮಲಗಿದರೆ ನಮ್ಮಂಥವರ ಬಿ.ಪಿ. ಏರುತ್ತದೆ, ರಾತ್ರಿಯೆಲ್ಲ ಮೂತ್ರ ಹೋಗಿ ಬೆಳಗಾಗುವಷ್ಟರಲ್ಲಿ ಮೈಯ ನೀರು ಖಾಲಿ. ಊಟ ಸ್ವಲ್ಪ ಸ್ವಲ್ಪವೇ, ಹಲವು ಸಲ. ಓಡಾಡುವಾಗ ಹೊಟ್ಟೆಗೆ ಬೆಲ್ಟು. ರಾತ್ರಿ ಕೂತೇ ಮೂತ್ರ ಮಾಡುವುದು. ಗಂಡಸರಿಗೆ ಇದನ್ನು ಹೇಳಿದರೆ ನಗು ಬರುತ್ತದೆ, ಬಚ್ಚಲಲ್ಲಿ ಬಿದ್ದು ತಲೆ ಒಡೆದುಕೊಳ್ಳುವುದಕ್ಕಿಂತ ವಾಸಿ. ಉಪ್ಪು ಹೆಚ್ಚಿಸುವುದು ಮಾತ್ರ ಡಾಕ್ಟರನ್ನು ಕೇಳದೆ ಬೇಡ, ಹೃದಯ-ಕಿಡ್ನಿ ಸರಿಯಿಲ್ಲದವರಿಗೆ ಅದೇ ವಿಷ.

ನನಗೆ ಈಗಲೂ ಭಯವಿರುವುದು ಬೀಳುವುದಕ್ಕಲ್ಲ. ಲೋ ಶುಗರ್ ಆದಾಗ ಕೈ ನಡುಗಿ, ಎದೆ ಹೊಡೆದುಕೊಂಡು, ಮೈ ಬೆವರಿ ಎಚ್ಚರಿಸುವುದೂ ಇದೇ ನರಗಳೇ. ಇನ್ಸುಲಿನ್ ಹೊತ್ತಿಗೆ ಸರಿಯಾಗಿ ಕೆಲಸ ಶುರುಮಾಡುತ್ತದೆ, ಅನ್ನ ಹೊಟ್ಟೆಯಲ್ಲೇ ಕೂತಿರುತ್ತದೆ. ಸಕ್ಕರೆ ಇಳಿಯುತ್ತಿದ್ದರೂ ಗೊತ್ತಾಗುವುದಿಲ್ಲ. ಹೃದಯಾಘಾತವೂ ಎದೆನೋವಿಲ್ಲದೆ ಬಂದುಹೋಗಬಹುದು. ಅದಕ್ಕೇ ಗ್ಲುಕೋಮೀಟರ್ ಜೇಬಿನಲ್ಲೇ ಇರುತ್ತದೆ, ಕಾರಣವಿಲ್ಲದ ಏದುಸಿರು ಬಂದರೂ ಇ.ಸಿ.ಜಿ. ಮಾಡಿಸುತ್ತೇನೆ.

ನಿಮ್ಮ ಮನೆಯಲ್ಲಿ ಹಳೆಯ ಸಕ್ಕರೆಯವರಿದ್ದರೆ, ಪಾರ್ಕಿನ್ಸನ್ ಇರುವವರಿದ್ದರೆ, ಎದ್ದಾಗಲೆಲ್ಲ ಗೋಡೆ ಹಿಡಿಯುವ ಹಿರಿಯರಿದ್ದರೆ, ಮುಂದಿನ ಸಲ ಡಾಕ್ಟರ ಹತ್ತಿರ ಹೋದಾಗ ಎಲ್ಲ ಮಾತ್ರೆಗಳನ್ನೂ ಒಯ್ಯಿರಿ, ಮಲಗಿಸಿ ಒಮ್ಮೆ, ನಿಲ್ಲಿಸಿ ಒಮ್ಮೆ ಬಿ.ಪಿ. ನೋಡಿ ಎಂದು ನೀವೇ ಕೇಳಿ. ಸಂಕೋಚ ಬೇಡ.